ಕೂಗಳತೆ: 17 ನಿಮಿಷದ ಒಂದು ಚಿತ್ರ ಮಾಡಿದ ಕಥೆ

"ಎಂತ ನೋಡ್ಲಿ?" ಅಂತ ಕೇಳಿದಳು ದೊಡ್ಡಮ್ಮ.

ಅಡುಗೆಮನೆಯ ಕಿಟಕಿಯ ಪಕ್ಕ ಅವಳನ್ನು ನಿಲ್ಲಿಸಿ, ಸ್ಟ್ಯಾಂಡ್ ಮೇಲೆ ಕ್ಯಾಮೆರಾ ಹೂಡಿ, "ಸುಮ್ನೆ ಹೊರಗೆ ನೋಡ್ತಾ ನಿಂತ್ಕೋ" ಅಂದಿದ್ದೆ. ಹೊರಗೆ ಹಿತ್ತಿಲು, ಅದರಾಚೆ ಅಡಿಕೆ ತೋಟ, ತೋಟದ ಕೆಳಗೆ ಶರಾವತಿಯ ಹಿನ್ನೀರು. ಇಷ್ಟು ಚೆಂದದ ಕಿಟಕಿ ಎಲ್ಲಿ ಸಿಗುತ್ತದೆ ಅಂದುಕೊಂಡೇ ನಾನು ಬೆಂಗಳೂರಿನಿಂದ ಬಂದದ್ದು.

"ಏನಾದ್ರೂ ನೋಡು ದೊಡ್ಡಮ್ಮ. ತೋಟ ನೋಡು."

"ತೋಟ ಬೆಳಿಗ್ಗೇನೇ ನೋಡಿ ಬಂದೆ. ಹಿಂಗೆ ನಿಂತ್ರೆ ಒಲೆ ಮೇಲಿಂದು ಯಾರು ನೋಡೋದು?" ಅಂದವಳೇ ಹೋಗಿ ಅನ್ನದ ಪಾತ್ರೆಯ ಮುಚ್ಚಳ ತೆಗೆದಳು. ಕ್ಯಾಮೆರಾ ಓಡುತ್ತಲೇ ಇತ್ತು. ಖಾಲಿ ಕಿಟಕಿ, ಸರಳು, ಬೆಳಕು. ಇದು 2023ರ ಜೂನ್ ತಿಂಗಳ ಮಾತು.

ಹತ್ತು ವರ್ಷದಿಂದ ನಾನು ಸಂಕಲನದ ಕೆಲಸ ಮಾಡುತ್ತಿದ್ದೇನೆ. ಬೇರೆಯವರು ತೆಗೆದ ದೃಶ್ಯಗಳನ್ನು ಕತ್ತರಿಸಿ ಜೋಡಿಸುವುದು, ಹೆಚ್ಚಾಗಿ ಧಾರಾವಾಹಿ ಮತ್ತು ಜಾಹೀರಾತು. ಒಂಟಿ ಹೆಂಗಸನ್ನು ತೋರಿಸಬೇಕು ಎಂದರೆ ನಮ್ಮಲ್ಲಿ ಒಂದೇ ದಾರಿ: ಕಿಟಕಿ, ಅದರೆದುರು ಅವಳು, ಹೊರಗೆ ಮಳೆ, ಹಿನ್ನೆಲೆಯಲ್ಲಿ ಕೊಳಲು. ಇಂಥದ್ದನ್ನು ನೂರಾರು ಸಲ ಜೋಡಿಸಿದ್ದೇನೆ. ಸ್ವಂತ ಚಿತ್ರ ಮಾಡಬೇಕು ಎಂದು ಹೊರಟಾಗಲೂ ನನ್ನ ತಲೆಯಲ್ಲಿ ಇದ್ದದ್ದು ಕಿಟಕಿಯೇ. ಮಾಯಾ ಡೆರೆನ್ 1943ರಲ್ಲಿ ಅಮೆರಿಕದಲ್ಲಿ, ತನ್ನ ಮನೆಯಲ್ಲೇ, ಗಂಡನ ಜೊತೆ ಸೇರಿ 16 ಎಂಎಂ ಕ್ಯಾಮೆರಾದಲ್ಲಿ ಮಾಡಿದ ಕಿರುಚಿತ್ರದಲ್ಲಿ ಅವಳೇ ಗಾಜಿಗೆ ಎರಡೂ ಅಂಗೈ ಒತ್ತಿ ಹೊರಗೆ ನೋಡುವ ಒಂದು ದೃಶ್ಯವಿದೆ. ಪ್ರಾಯೋಗಿಕ ಚಿತ್ರ ಅಂದಕೂಡಲೇ ಎಲ್ಲರೂ ತೋರಿಸುವ ಚಿತ್ರಪಟ ಅದು. ನನ್ನ ನೋಟ್‌ಬುಕ್ಕಿನ ಮೊದಲ ಪುಟದಲ್ಲಿ ಅದನ್ನೇ ಅಂಟಿಸಿಕೊಂಡಿದ್ದೆ. ಅದು ಮೂಲದಲ್ಲಿ ಮೂಕಿ ಚಿತ್ರ, ಸಂಗೀತ ಸೇರಿದ್ದು 1959ರಲ್ಲಿ ಅನ್ನುವುದೂ ಗೊತ್ತಿತ್ತು. ಆದರೆ ಆ ಸಂಗತಿಗೂ ನನ್ನ ಕೆಲಸಕ್ಕೂ ಏನಾದರೂ ಸಂಬಂಧ ಇರಬಹುದು ಎಂದು ಆಗ ಹೊಳೆದಿರಲಿಲ್ಲ.

ದೊಡ್ಡಮ್ಮನ ಮನೆ ಇರುವುದು ಸಾಗರ ತಾಲ್ಲೂಕಿನಲ್ಲಿ, ತುಮರಿ ಕಡೆ. ಲಿಂಗನಮಕ್ಕಿ ಅಣೆಕಟ್ಟು ಮುಗಿದದ್ದು 1964ರಲ್ಲಿ. ನೀರು ನಿಂತ ಮೇಲೆ ಆ ಸೀಮೆ ಸಾಗರದಿಂದ ಕಡಿದುಹೋಯಿತು. 2025ರಲ್ಲಿ ಸೇತುವೆ ಆಗುವ ತನಕ ಆ ಕಡೆಯವರು ಪೇಟೆಗೆ ಬರಬೇಕಾದರೆ ಹೊಳೆಬಾಗಿಲಿನ ಲಾಂಚ್ ಹತ್ತಬೇಕಿತ್ತು, ಇಲ್ಲವೇ ಘಟ್ಟ ಸುತ್ತಿ ಹತ್ತಾರು ಕಿಲೋಮೀಟರ್ ಬಳಸಿ ಬರಬೇಕಿತ್ತು. ಅಣೆಕಟ್ಟು ಮುಗಿದಾಗ ದೊಡ್ಡಮ್ಮನಿಗೆ ಹತ್ತು ವರ್ಷ. ಅವಳ ತವರುಮನೆ ಈಗ ನೀರಿನಡಿ. ಜೊತೆಗೆ ಆಡಿದ ಹುಡುಗಿಯರು ಪುನರ್ವಸತಿಯಲ್ಲಿ ಯಾವ್ಯಾವುದೋ ಕಡೆ ಹೋದರು. ಅವಳನ್ನು ಇದೇ ಹಿನ್ನೀರಿನ ಇನ್ನೊಂದು ದಂಡೆಗೆ ಮದುವೆ ಮಾಡಿಕೊಟ್ಟರು. ದೊಡ್ಡಪ್ಪ ತೀರಿಕೊಂಡು ಬಹಳ ವರ್ಷವಾಯಿತು. ಮಕ್ಕಳಿಲ್ಲ. ಹಗಲು ತೋಟದ ಕೆಲಸಕ್ಕೆ ಆಳುಗಳು ಬರುತ್ತಾರೆ. ಸಂಜೆ ಐದರ ಮೇಲೆ ಅಷ್ಟು ದೊಡ್ಡ ಮನೆಯಲ್ಲಿ ಅವಳೊಬ್ಬಳೇ.

2023ರಲ್ಲಿ ಮಳೆ ತಡವಾಯಿತು. ಜೂನಿನಲ್ಲಿ ನಾನು ಹೋದಾಗ ನೀರು ಎಷ್ಟು ಇಳಿದಿತ್ತೆಂದರೆ ಲಾಂಚಿನಲ್ಲಿ ವಾಹನ ಬಿಡುತ್ತಿರಲಿಲ್ಲ, ಜನ ಮಾತ್ರ. ಅಂಬಾರಗೋಡ್ಲಿನಲ್ಲಿ ಕಾರು ನಿಲ್ಲಿಸಿ, ಕ್ಯಾಮೆರಾದ ಚೀಲಗಳನ್ನು ಹೊತ್ತು ಲಾಂಚ್ ಹತ್ತಿದೆ. ಅರವತ್ತು ವರ್ಷದ ಹಿಂದೆ ಮುಳುಗಿದ ಕಾಡಿನ ಬೊಡ್ಡೆಗಳು ಕೆಂಪು ಮಣ್ಣಿನ ದಿಣ್ಣೆಗಳ ಮೇಲೆ ಕಪ್ಪಗೆ ನಿಂತಿದ್ದವು. ಪಕ್ಕದಲ್ಲಿ ಸೇತುವೆಯ ಕಂಬಗಳು ಏಳುತ್ತಿದ್ದವು. ಮಳೆಗಾಲದ ಚಿತ್ರ ತೆಗೆಯಲು ಬಂದವಳು ನಾನು. ಹನ್ನೊಂದು ದಿನದಲ್ಲಿ ಎರಡು ದಿನ ತುಂತುರು ಹನಿಯಿತು, ಅಷ್ಟೆ.

ಆ ಹನ್ನೊಂದು ದಿನ ತೆಗೆದದ್ದರಲ್ಲಿ ಒಂದು ನಿಮಿಷವೂ ಚಿತ್ರದಲ್ಲಿ ಉಳಿಯಲಿಲ್ಲ. ಕಿಟಕಿಯ ಪಕ್ಕ ದೊಡ್ಡಮ್ಮ, ಜಗಲಿಯಲ್ಲಿ ದೊಡ್ಡಮ್ಮ, ತುಳಸಿಕಟ್ಟೆಯ ಹತ್ತಿರ ದೊಡ್ಡಮ್ಮ. ಎಲ್ಲದರಲ್ಲೂ ಅವಳು ನಾನು ಹೇಳಿದ್ದಕ್ಕಾಗಿ ನಿಂತಿದ್ದಾಳೆ. ನನ್ನ ಮೇಲಿನ ಪ್ರೀತಿಗೆ ನಿಂತಿದ್ದಾಳೆ. ಬೆಳಕು ಚೆನ್ನಾಗಿದೆ, ಚೌಕಟ್ಟು ಚೆನ್ನಾಗಿದೆ. ಆದರೆ ಅದು ನಾನು ಧಾರಾವಾಹಿಗಳಲ್ಲಿ ಜೋಡಿಸುತ್ತಿದ್ದ ಅದೇ ಹೆಂಗಸು. ನನ್ನ ದೊಡ್ಡಮ್ಮನಲ್ಲ.

ಒಂಬತ್ತನೇ ದಿನವೋ ಹತ್ತನೇ ದಿನವೋ, ಕ್ಯಾಮೆರಾ ಚಾರ್ಜಿಗೆ ಹಾಕಿ ಅಡುಗೆಮನೆಯಲ್ಲಿ ಸುಮ್ಮನೆ ಕೂತಿದ್ದೆ. ಅವಳು ಹೊರಗಿಗೆ ಬೆನ್ನು ಹಾಕಿ ಸೌತೆಕಾಯಿ ಹೆಚ್ಚುತ್ತಿದ್ದಳು. ತಲೆ ಎತ್ತದೆ ಹೇಳಿದಳು: "ಲಾಂಚ್ ಬಂತು." ಸ್ವಲ್ಪ ಹೊತ್ತಿಗೆ: "ಆಚೆ ಮನೆ ಅಕ್ಕ ಇವತ್ತು ಬಚ್ಚಲೊಲೆಗೆ ತಡ ಮಾಡಿದ್ರು." ಅದು ಹೇಗೆ ಗೊತ್ತಾಯಿತು ಅಂದೆ. "ಕೊಡಪಾನದ ಸದ್ದು ಈಗ ಬಂತಲ್ಲ." ಆಮೇಲೆ: "ತೋಟದ ಕೆಳಗಿನ ಸಾಲಲ್ಲಿ ಒಂದು ಸೋಗೆ ಬಿತ್ತು. ಹಾಳೆ ತರ್ಸಬೇಕು." ನನಗೆ ಏನೂ ಕೇಳಿರಲಿಲ್ಲ. ಅಂದರೆ, ಕೇಳಿತ್ತು, ಆದರೆ ಅದೆಲ್ಲ ಕಲಸಿಕೊಂಡು ಒಂದೇ ಸದ್ದಾಗಿ ಕೇಳಿತ್ತು. ಅವಳಿಗೆ ಅದು ಊರಿನ ಸುದ್ದಿ.

ಕಿಟಕಿ ಯಾಕೆ ಅವಳಿಗೆ ಬೇಕಾಗಿರಲಿಲ್ಲ ಎಂದು ಅಲ್ಲಿ ಗೊತ್ತಾಯಿತು. ಅವಳು ದಿನವಿಡೀ ಗಮನಿಸುತ್ತಲೇ ಇರುತ್ತಾಳೆ, ಆದರೆ ಕೈಕೆಲಸ ಬಿಡದೆ, ಕಿವಿಯಿಂದ. ನಾನು ಅವಳ ಕಣ್ಣಿನ ಬೆನ್ನು ಹತ್ತಿದ್ದೆ.

ಆಚೆ ಮನೆ ಎಂದರೆ ಹಿನ್ನೀರಿನ ಒಂದು ಚಾಚಿನ ಆಚೆ ದಂಡೆಯ ಮನೆ. ಅಲ್ಲಿಯ ಅಕ್ಕನ ಮಕ್ಕಳಿಬ್ಬರೂ ಬೆಂಗಳೂರಿನಲ್ಲಿ. ಅಕ್ಕನಿಗೂ ಎಪ್ಪತ್ತರ ಹತ್ತಿರ. ದಿನಾ ದೀಪ ಹಚ್ಚುವ ಹೊತ್ತಿಗೆ ದೊಡ್ಡಮ್ಮ ಹಿತ್ತಿಲ ಕಡೆ ಹೋಗಿ ಒಂದು ಕೂ ಹಾಕುತ್ತಾಳೆ. ಅತ್ತಲಿಂದ ಒಂದು ಕೂ ಬರುತ್ತದೆ. ಅಷ್ಟೇ, ಮಾತಿಲ್ಲ. ಬಾರದಿದ್ದರೆ ಮರುದಿನ ಬೆಳಿಗ್ಗೆ ಆಳನ್ನು ಕಳಿಸುವುದು. ಮಳೆಗಾಲದಲ್ಲಿ ಫೋನಿನ ತಂತಿ ಹೋದರೆ ವಾರಗಟ್ಟಲೆ ಹೋಯಿತು, ಮೊಬೈಲಿಗೆ ಸಿಗ್ನಲ್ ಬೇಕಾದರೆ ಗುಡ್ಡ ಹತ್ತಬೇಕು. ಕೂ ಹಾಕಲು ಏನೂ ಬೇಡ. ಕೂಗಳತೆ ಅನ್ನುವ ಮಾತನ್ನು ನಾನು ಬರೀ ಗಾದೆಮಾತಿನಂತೆ ಬಳಸುತ್ತಿದ್ದೆ. ಇಲ್ಲಿ ಅದು ನಿಜವಾದ ಅಳತೆ. ಚಿತ್ರಕ್ಕೆ ಹೆಸರು ಅವತ್ತೇ ಸಿಕ್ಕಿತು, ಚಿತ್ರ ಇನ್ನೂ ಸಿಕ್ಕಿರಲಿಲ್ಲ.

ಬೆಂಗಳೂರಿಗೆ ಬಂದು ಒಂದು ವರ್ಷ ದುಡ್ಡು ಕೂಡಿಸಿದೆ. ಕ್ಯಾಮೆರಾ ಗೆಳತಿಯದೇ ಸಾಕು, ಒಂದೇ 35 ಎಂಎಂ ಲೆನ್ಸ್ ಸಾಕು ಎಂದು ನಿರ್ಧರಿಸಿ, ಇದ್ದ ಹಣವನ್ನೆಲ್ಲ ಧ್ವನಿಗೆ ಹಾಕಿದೆ. ಒಳ್ಳೆಯ ರೆಕಾರ್ಡರ್, ಎರಡು ಮೈಕ್, ಗಾಳಿ ತಡೆಯುವ ತುಪ್ಪಳದ ಹೊದಿಕೆ. 2024ರ ಜುಲೈಯಲ್ಲಿ ಮತ್ತೆ ಹೋದೆ. ಈ ಸಲ ಮಳೆ ಹಿಡಿದುಕೊಂಡಿತ್ತು.

ಮಳೆಯ ಸದ್ದು ಹಿಡಿಯುವುದರ ಬಗ್ಗೆ ಸ್ವಲ್ಪ ಹೇಳಬೇಕು, ಯಾಕೆಂದರೆ ನನ್ನ ಒಂದು ವಾರ ಅದಕ್ಕೇ ಹೋಯಿತು. ಅಂಗಳದಲ್ಲಿ ಮೈಕ್ ಇಟ್ಟು ಮಳೆ ಹಿಡಿದರೆ ಮಳೆ ಕೇಳುವುದಿಲ್ಲ. ಎಣ್ಣೆಯಲ್ಲಿ ಹಪ್ಪಳ ಕರಿದಂತೆ, ಬರೀ ಸುರ್ ಎಂಬ ಗದ್ದಲ. ನಮ್ಮ ಕಿವಿ ಸಾವಿರ ಸದ್ದಿನಲ್ಲಿ ಬೇಕಾದ್ದನ್ನು ಆರಿಸಿಕೊಳ್ಳುತ್ತದೆ, ಮೈಕಿಗೆ ಆ ಆಯ್ಕೆ ಇಲ್ಲ. ಮಳೆ ಎಂದರೆ ಅದು ಬೀಳುವ ಜಾಗ ಎಂದು ತಿಳಿಯಲು ನನಗೆ ನಾಲ್ಕು ದಿನ ಬೇಕಾಯಿತು. ಹಂಚಿನ ಮೇಲೆ ಬೀಳುವುದು ದಪ್ಪ, ಮೆತ್ತಗೆ. ಕೊಟ್ಟಿಗೆಯ ತಗಡಿನ ಮೇಲೆ ಬೀಳುವುದು ಚುಚ್ಚುತ್ತದೆ, ಅದಕ್ಕೆ ಮೈಕನ್ನು ತಿರುಗಿಸಿ ಇಡಬೇಕು. ಬಾಳೆ ಎಲೆಯ ಮೇಲಿನ ಹನಿಗೆ ಬಿಡಿಬಿಡಿಯಾದ ಪೆಟ್ಟು. ಸೂರಿನ ನೀರು ಅಡಿಕೆ ಮರ ಸೀಳಿ ಮಾಡಿದ ದೋಣಿಗೆ ಬಿದ್ದು, ಅಲ್ಲಿಂದ ಹಂಡೆಗೆ ಇಳಿಯುವಾಗ ಹಂಡೆ ತುಂಬಿದ ಹಾಗೆ ಸ್ವರ ಏರುತ್ತದೆ. ಕಣ್ಣು ಮುಚ್ಚಿದ್ದರೂ ಹಂಡೆ ಎಷ್ಟು ತುಂಬಿದೆ ಅಂತ ಹೇಳಬಹುದು. ದೊಡ್ಡಮ್ಮ ಒಳಗಿನಿಂದಲೇ "ಹಂಡೆ ತುಂಬ್ತು, ಸರಿಸು" ಅನ್ನುತ್ತಿದ್ದದ್ದು ಹೀಗೆ. ಈ ಐದಾರು ಸದ್ದುಗಳನ್ನು ಬೇರೆ ಬೇರೆ ಹಿಡಿದು, ಒಂದೊಂದನ್ನು ಸಣ್ಣದು ದೊಡ್ಡದು ಮಾಡಿ ಸೇರಿಸಿದಾಗ ಅವಳ ಮನೆಯ ಮಳೆ ಬಂತು. ಬೇರೆ ಯಾರ ಮನೆಯದೂ ಅಲ್ಲ.

ಮೂರು ದಿನ ಕರೆಂಟಿರಲಿಲ್ಲ. ಬ್ಯಾಟರಿಯನ್ನು ಕಾರಿನಲ್ಲಿ ಚಾರ್ಜ್ ಮಾಡಿಕೊಂಡೆ. ರಾತ್ರಿ ಕ್ಯಾಮೆರಾವನ್ನು ಒಲೆಯ ಬಿಸಿಗೆ ಹತ್ತಿರವಿದ್ದ ಗೋಡೆಗೂಡಿನಲ್ಲಿ ಇಡುತ್ತಿದ್ದೆ, ಇಲ್ಲವಾದರೆ ಲೆನ್ಸಿನೊಳಗೆ ಬೂಷ್ಟು ಹಿಡಿಯುತ್ತದೆ. ಇಂಬಳ ಕಚ್ಚಿದ ಲೆಕ್ಕ ಇಟ್ಟಿಲ್ಲ.

ಅಡುಗೆಮನೆಯ ಬಾಗಿಲ ಹಿಂದೆ ಒಂದು ಕ್ಯಾಲೆಂಡರ್ ತೂಗುತ್ತದೆ. ಹಾಲಿನ ಲೆಕ್ಕ, ಗ್ಯಾಸ್ ಬಂದ ದಿನ, ಆಕಳು ಕರು ಹಾಕಿದ ದಿನ ಎಲ್ಲ ಅದರಲ್ಲೇ. ಪ್ರತಿ ತಾರೀಖಿನ ಕೆಳಗೆ ಪೆನ್ಸಿಲಿನಲ್ಲಿ ಎರಡು ಅಂಕಿ. ಮೊದಲನೆಯದು ಮಳೆ. ದೊಡ್ಡಪ್ಪ ಅಂಗಳದಲ್ಲಿ ಹೂಳಿದ್ದ ಮಳೆಮಾಪಕ ಇನ್ನೂ ಇದೆ, ಬೆಳಿಗ್ಗೆ ಎಂಟೂವರೆಗೆ ಗಾಜಿನ ಅಳತೆ ಜಾಡಿಗೆ ಸುರಿದು ಎಷ್ಟು ಮಿಲಿಮೀಟರ್ ಎಂದು ಬರೆಯುವುದು. ಹವಾಮಾನ ಇಲಾಖೆಯ ಲೆಕ್ಕವೂ ಎಂಟೂವರೆಯದೇ. ಮಲೆನಾಡಿನಲ್ಲಿ ಎಷ್ಟೋ ತೋಟದ ಮನೆಗಳಲ್ಲಿ ಇದನ್ನು ಇಡುತ್ತಾರೆ. ಎರಡನೆಯ ಅಂಕಿ ನಾಲ್ಕು ಸ್ಥಾನದ್ದು. ಅದು ಲಿಂಗನಮಕ್ಕಿಯ ಮಟ್ಟ, ಅಡಿ ಲೆಕ್ಕದಲ್ಲಿ. ಪೇಪರಿನಲ್ಲಿ ಬರುತ್ತದೆ, ಪೇಪರ್ ಬಾರದ ದಿನ ಯಾರಾದರೂ ಹೇಳುತ್ತಾರೆ. ಪೂರ್ತಿ ತುಂಬಿದರೆ 1819.

ಮಳೆಯ ಲೆಕ್ಕ ತೋಟಕ್ಕೆ ಬೇಕು, ಔಷಧಿ ಹೊಡೆಯಲು, ಬಸಿಗಾಲುವೆ ಬಿಡಿಸಲು. ಅಣೆಕಟ್ಟಿನ ಮಟ್ಟ ಯಾಕೆ? ಕೇಳಿದೆ.

"ದಾರಿಗೆ," ಅಂದಳು.

ಬೇಸಿಗೆಯಲ್ಲಿ ನೀರು ಇಳಿದಾಗ ಆ ಚಾಚು ಒಣಗುತ್ತದೆ. ಆಗ ಆಚೆ ಮನೆಗೆ ಹತ್ತು ನಿಮಿಷದ ನಡಿಗೆ. ಮಧ್ಯಾಹ್ನ ಊಟವಾದ ಮೇಲೆ ಹೋಗಿ, ಹಪ್ಪಳ ಒತ್ತಿಕೊಟ್ಟು, ಕಾಫಿ ಕುಡಿದು ಬರಬಹುದು. ನೀರು ಏರುತ್ತಾ ಬಂದು ಒಂದು ಮಟ್ಟ ದಾಟಿತೆಂದರೆ ದಾರಿ ಮುಳುಗುತ್ತದೆ. ಆಮೇಲೆ ಗುಡ್ಡ ಸುತ್ತಿ ಹೋಗಬೇಕು, ಒಂದು ಗಂಟೆ, ಈಗ ಅವಳ ಮಂಡಿಗೆ ಆಗದ ಕೆಲಸ. ಆ ಮಟ್ಟ ಯಾವುದೆಂದು ಇಬ್ಬರಿಗೂ ಗೊತ್ತು. ಕ್ಯಾಲೆಂಡರಿನಲ್ಲಿ ಆ ದಿನಕ್ಕೆ ಒಂದು ಸುತ್ತು ಹಾಕಿರುತ್ತಾಳೆ. ನೀರು ಇಳಿದು ದಾರಿ ಮತ್ತೆ ಕಂಡ ದಿನಕ್ಕೆ ಇನ್ನೊಂದು ಸುತ್ತು. ಎರಡು ಸುತ್ತಿನ ನಡುವಿನ ತಿಂಗಳುಗಳಲ್ಲಿ ಕೂ ಮಾತ್ರ.

ಹಳೆಯ ಕ್ಯಾಲೆಂಡರುಗಳನ್ನು ಅವಳು ಎಸೆದಿರಲಿಲ್ಲ. ಅಟ್ಟದ ಮೇಲೆ ಒಂದು ಟ್ರಂಕಿನಲ್ಲಿ ಸುರುಳಿ ಸುತ್ತಿಟ್ಟಿದ್ದಳು. ಅವನ್ನು ಬಿಚ್ಚಿ ನೆಲದ ಮೇಲೆ ಹಾಸಿ ವರ್ಷ ವರ್ಷ ಕೂತು ನೋಡಿದೆ. ಬರದ 2023ರಲ್ಲಿ ಅಣೆಕಟ್ಟು ತುಂಬಲಿಲ್ಲ, ಮೊದಲ ಸುತ್ತು ತಡವಾಗಿ ಬಿದ್ದಿದೆ, ಎರಡನೆಯದು ಬೇಗ. ತೋಟಕ್ಕೆ ಕೆಟ್ಟ ವರ್ಷ, ಅಕ್ಕನನ್ನು ಹೆಚ್ಚು ಸಲ ನೋಡಿದ ವರ್ಷ. ಇಷ್ಟು ನಿಖರವಾದ ಒಂಟಿತನದ ಲೆಕ್ಕವನ್ನು ನಾನು ಬೇರೆಲ್ಲೂ ಕಂಡಿಲ್ಲ. ಅವಳು ಅದನ್ನು ಒಂಟಿತನ ಅನ್ನಲಿಲ್ಲ. ದಾರಿ ಅಂದಳು.

ಅಕ್ಕನ ಮನೆಗೆ ನಾನು ಗುಡ್ಡ ಸುತ್ತಿಯೇ ಹೋದೆ. ಮೈಕ್ ನೋಡಿ, "ಮುಖ ಬೇಡ ತಂಗಿ, ಧ್ವನಿ ಬೇಕಾದ್ರೆ ತಗೋ" ಅಂದರು. ಹಾಗಾಗಿ ಚಿತ್ರದಲ್ಲಿ ಅಕ್ಕ ಇಲ್ಲ, ಅಕ್ಕನ ಕೂ ಇದೆ. ಅದನ್ನು ಈ ದಂಡೆಯಿಂದ, ದೊಡ್ಡಮ್ಮ ನಿಲ್ಲುವ ಜಾಗದಿಂದಲೇ ಹಿಡಿದದ್ದು. ಸಂಜೆ ನೀರಿನ ಮೇಲಿನ ಗಾಳಿ ತಂಪಾದಾಗ ಸದ್ದು ಮೇಲೆ ಚದುರದೆ ನೀರನ್ನು ತಬ್ಬಿಕೊಂಡೇ ಬರುತ್ತದೆ. ಅಷ್ಟು ದೂರದ ಕೂ ಹೆಡ್‌ಫೋನಿನಲ್ಲಿ ಕಿವಿಯ ಹತ್ತಿರವೇ ಅಂದಂತೆ ಕೇಳಿದಾಗ ನನ್ನ ಮೈ ಜುಮ್ಮೆಂದಿತು. ಚಿತ್ರದಲ್ಲಿರುವ ಮೂರನೆಯ ಹೆಂಗಸು ಮೇಲುಮನೆಯ ಸೊಸೆ, ಸಿಗ್ನಲ್ ಹುಡುಕಿ ದಿನಾ ಗುಡ್ಡ ಹತ್ತುವವಳು. ಅವಳ ಭಾಗ ಎರಡೇ ನಿಮಿಷ.

ಇನ್ನೊಂದು ಸಂಗತಿ ಬರೆಯದೆ ಇರಲಾರೆ.

ಕ್ಯಾಲೆಂಡರ್ ಹುಡುಕಲು ಅಟ್ಟ ಹತ್ತಿದ್ದಾಗ ಹಲಗೆಯ ಸಂದಿನಿಂದ ಹಿತ್ತಿಲ ಬಾಗಿಲು ಕಂಡಿತು. ಹೊಸ್ತಿಲ ಮೇಲೆ ದೊಡ್ಡಮ್ಮ ಕೂತಿದ್ದಳು. ಕೂದಲು ಬಿಚ್ಚಿಕೊಂಡು, ಸೆರಗನ್ನು ಮಡಿಲಲ್ಲಿ ಹಾಕಿಕೊಂಡು, ಮಳೆಯ ಎದುರಿಗೆ ಏನೋ ಹೇಳಿಕೊಳ್ಳುತ್ತಿದ್ದಳು. ಹಾಡಲ್ಲ, ಮಾತು. ನಡುವೆ ನಗು. ನಾನು ಮೆಲ್ಲಗೆ ಇಳಿದು ಕ್ಯಾಮೆರಾ ತಂದು ಆ ಸಂದಿಗೆ ಇಟ್ಟೆ. ನಾಲ್ಕು ನಿಮಿಷ. ಅವಳಿಗೆ ಗೊತ್ತೇ ಆಗಲಿಲ್ಲ. ಎರಡು ವರ್ಷದಲ್ಲಿ ನಾನು ತೆಗೆದ ಅತ್ಯಂತ ಒಳ್ಳೆಯ ದೃಶ್ಯ ಅದು. ಅದರಲ್ಲಿ ಅನುಮಾನವಿಲ್ಲ. ಆ ರಾತ್ರಿ ಅದನ್ನು ಇಪ್ಪತ್ತು ಸಲ ನೋಡಿದೆ.

ಮರುದಿನ ತೆಗೆದದ್ದನ್ನೆಲ್ಲ ಲ್ಯಾಪ್‌ಟಾಪಿನಲ್ಲಿ ಅವಳಿಗೆ ತೋರಿಸಿದೆ. ತೋಟ, ಹಂಡೆ, ಅವಳ ಕೈ, ಒಲೆ ಎಲ್ಲವನ್ನೂ ಇಷ್ಟಪಟ್ಟು ನೋಡಿದಳು. ಈ ದೃಶ್ಯ ಬಂತು. ಸುಮ್ಮನಾದಳು. ನಾಲ್ಕು ನಿಮಿಷ ಮುಗಿಯುವ ತನಕ ನೋಡಿ, ಸೆರಗು ಸರಿಮಾಡಿಕೊಂಡು ಹೇಳಿದಳು: "ನಾನೊಬ್ಳೇ ಇದ್ದೆ ಅಂದ್ಕೊಂಡಿದ್ದೆ."

ಬೈಯಲಿಲ್ಲ. ಹಾಕಬೇಡ ಅನ್ನಲೂ ಇಲ್ಲ. ಎದ್ದು ದನಕ್ಕೆ ಅಕ್ಕಚ್ಚು ಕೊಡಲು ಹೋದಳು.

ಮಗುವಾಗಿದ್ದಾಗ ಊರು ಮುಳುಗಿತು, ಸೊಸೆಯಾಗಿ ಹನ್ನೆರಡು ಜನರಿದ್ದ ಮನೆಗೆ ಬಂದಳು, ಅಲ್ಲಿ ಹೊಸ್ತಿಲ ಮೇಲೆ ಕೂದಲು ಬಿಚ್ಚಿ ಕೂರುವ ಮಾತೇ ಇರಲಿಲ್ಲ. ಅತ್ತೆಯ ಕಣ್ಣು, ಮಾವನ ಕೆಮ್ಮು, ಆಳುಗಳ ಓಡಾಟ. ಮಳೆಯ ಜೊತೆ ಮಾತಾಡುವಷ್ಟು ಏಕಾಂತ ಅವಳಿಗೆ ದಕ್ಕಿದ್ದು ಅರವತ್ತು ದಾಟಿದ ಮೇಲೆ. ಒಂಟಿತನದ ಬಗ್ಗೆ ಚಿತ್ರ ಮಾಡುತ್ತೇನೆ ಎಂದು ಬಂದ ನಾನು ಅದನ್ನೇ ಹಲಗೆಯ ಸಂದಿನಿಂದ ಕದ್ದಿದ್ದೆ. ಆ ಫೈಲನ್ನು ಅವಳ ಎದುರಿಗೇ ಅಳಿಸಿದೆ. "ಅಯ್ಯೋ, ಎಂತಕ್ಕೆ ಮಾರಾಯ್ತಿ, ಕಷ್ಟಪಟ್ಟು ತೆಗೆದದ್ದಲ್ವ" ಅಂದಳು. ಆದರೆ ಅವತ್ತು ರಾತ್ರಿ ಊಟಕ್ಕೆ ನನಗಿಷ್ಟವಾದ ಒಂದೆಲಗದ ತಂಬುಳಿ ಇತ್ತು.

ಸಂಕಲನಕ್ಕೆ ಎಂಟು ತಿಂಗಳು. ಮೊದಲು ಧ್ವನಿಯನ್ನೇ ಪೂರ್ತಿ ಜೋಡಿಸಿದೆ, ಒಂದು ದಿನದ ಬೆಳಗಿನಿಂದ ದೀಪ ಹಚ್ಚುವ ತನಕ. ಆಮೇಲೆ ಅದಕ್ಕೆ ಚಿತ್ರ. ನನ್ನ ಕಸುಬಿನಲ್ಲಿ ಇದು ತಲೆಕೆಳಗಾದ ಕ್ರಮ. ಕ್ಯಾಮೆರಾ ಒಮ್ಮೆಯೂ ಮನೆಯಿಂದ ಹೊರಗೆ ನೋಡುವುದಿಲ್ಲ. ಕಾಣುವುದು ಕೈ, ಒಲೆ, ಬೆನ್ನು, ಕ್ಯಾಲೆಂಡರಿನ ಅಂಕಿಗಳು. ಕೇಳುವುದು ಹೊರಗಿನ ಜಗತ್ತು. ಹೊಸ್ತಿಲ ದೃಶ್ಯ ಇರಬೇಕಾದ ಕಡೆ ಏನೂ ಇಲ್ಲ. ಒಂದೂ ಮುಕ್ಕಾಲು ನಿಮಿಷ ಕಪ್ಪು ಪರದೆ, ಹಂಡೆ ತುಂಬುವ ಸದ್ದು. ನೋಡಿದ ಗೆಳೆಯರೊಬ್ಬರು ಅಲ್ಲಿ ಬೇಸರ ಬರುತ್ತದೆ ಅಂದರು. ಬರಲಿ. ಅಲ್ಲಿ ಅವಳು ಒಬ್ಬಳೇ ಇದ್ದಾಳೆ.

2025ರ ಜುಲೈ 14ರಂದು ಸೇತುವೆ ಉದ್ಘಾಟನೆಯಾಯಿತು. 2.44 ಕಿಲೋಮೀಟರ್ ಉದ್ದ. ಆಗಸ್ಟಿನಲ್ಲಿ ಚಿತ್ರ ತೋರಿಸಲು ನಾನು ಅದರ ಮೇಲೆಯೇ ಹೋದೆ. ಕೆಲವೇ ನಿಮಿಷ. ಲಾಂಚಿಗೆ ಕಾಯುತ್ತಾ ಹೊಳೆಬಾಗಿಲಿನಲ್ಲಿ ಕೂತ ಎಷ್ಟೋ ಗಂಟೆಗಳು ನೆನಪಾದವು. ಲಾಂಚ್ ಇಲ್ಲದ್ದಕ್ಕೆ ಮನಸ್ಸು ಒಂದು ಥರ ಆಯಿತು ಎಂದು ದೊಡ್ಡಮ್ಮನ ಹತ್ತಿರ ಅಂದುಬಿಟ್ಟೆ. ಅವಳು ನನ್ನನ್ನು ನೇರ ನೋಡಿ ಹೇಳಿದಳು: "ನಿನ್ನ ದೊಡ್ಡಪ್ಪಂಗೆ ಎದೆನೋವು ಬಂದಾಗ ರಾತ್ರಿ ಹತ್ತು. ಲಾಂಚ್ ಇರ್ಲಿಲ್ಲ. ಜೀಪಲ್ಲಿ ಸುತ್ತಿ ಹೋಗೋ ಹೊತ್ತಿಗೆ ಮುಗಿದಿತ್ತು." ಮತ್ತೆ ನಾನು ಆ ಮಾತೆತ್ತಲಿಲ್ಲ. ಆಚೆ ಮನೆಗೆ ಮಾತ್ರ ಸೇತುವೆ ಇಲ್ಲ, ಆ ಚಾಚು ಈಗಲೂ ತುಂಬುತ್ತದೆ.

ನಡುಮನೆಯಲ್ಲಿ ದೊಡ್ಡಪ್ಪನ ಹಳೇ ಪಂಚೆ ಕಟ್ಟಿ, ಬಾಡಿಗೆಯ ಪ್ರೊಜೆಕ್ಟರಿನಲ್ಲಿ ತೋರಿಸಿದೆ. ಮೇಲುಮನೆಯ ಸೊಸೆ, ಅವಳ ಮಗು, ಇಬ್ಬರು ಆಳುಗಳು, ದೊಡ್ಡಮ್ಮ. ಅಕ್ಕನನ್ನು ಮೇಲುಮನೆಯವರು ಗುಡ್ಡ ಸುತ್ತಿ ಬೈಕಿನಲ್ಲಿ ಕರೆತಂದಿದ್ದರು. ಚಿತ್ರದಲ್ಲಿ ಅಕ್ಕನ ಕೂ ಬಂದಾಗ ದೊಡ್ಡಮ್ಮನ ಬಾಯಿಂದ ತಾನಾಗಿ ಒಂದು ಸಣ್ಣ ಕೂ ಹೊರಟಿತು, ಪಕ್ಕದಲ್ಲೇ ಕೂತ ಅಕ್ಕ ಅವಳ ಮಂಡಿಯ ಮೇಲೆ ಕೈಯಿಟ್ಟರು.

ಮುಗಿದ ಮೇಲೆ ಎಲ್ಲರೂ ಕಾಫಿಗೆ ಎದ್ದರು. ದೊಡ್ಡಮ್ಮ ಏಳಲಿಲ್ಲ.

"ಒಂದು ತಪ್ಪಿದೆ," ಅಂದಳು. "ಶುರುವಿಗೆ, ಸೌತೆಕಾಯಿ ಹೆಚ್ತೀನಲ್ಲ, ಆಗ ಬರೋದು ಬೆಳಗಿನ ಲಾಂಚಲ್ಲ. ಅದು ಸಂಜೆದು."

"ಅದು ಹ್ಯಾಗೆ ಹೇಳ್ತೀಯ?"

"ಬೆಳಿಗ್ಗೆ ಇಷ್ಟು ಜೋರು ಕೇಳೋದೇ ಇಲ್ಲ. ಸಂಜೆ ಗಾಳಿ ತಿರುಗಿದ ಮೇಲೇ ಹಿಂಗೆ ಕೇಳೋದು."

ಅಕ್ಕನೂ ಹೌದು ಎಂದು ತಲೆಯಾಡಿಸಿದರು.

ಲ್ಯಾಪ್‌ಟಾಪ್ ತೆರೆದು ಆ ಫೈಲಿನ ಹೆಸರು ನೋಡಿದೆ. ಸಂಜೆ 5.40. ಬೆಳಗಿನದ್ದು ಸಣ್ಣಗಿದೆ, ಪರದೆಯ ಮೇಲೆ ಕೇಳುವುದಿಲ್ಲ ಎಂದು ಎಂಟು ತಿಂಗಳ ಹಿಂದೆ ನಾನೇ ಬದಲಿಸಿದ್ದು. ಆ ಬೆಳಗಿನ ಫೈಲನ್ನು ಹುಡುಕಿ, ಹೆಡ್‌ಫೋನ್ ಹಾಕಿಕೊಂಡು ಕೇಳಿದೆ. ಚಾಕುವಿನ ಸದ್ದಿನ ಹಿಂದೆ, ಮಳೆಯ ಹಿಂದೆ, ತೀರಾ ಮೆಲ್ಲಗೆ ಇತ್ತು. ಹೆಡ್‌ಫೋನನ್ನು ದೊಡ್ಡಮ್ಮನ ಕಿವಿಗೆ ಇಟ್ಟೆ. ಸ್ವಲ್ಪ ಹೊತ್ತು ಕೇಳಿ, "ಹಾಂ, ಇದು," ಅಂದಳು.